ನಟಿಯೇ ನಿರ್ದೇಶಕಿ, ನಟಿಯೇ ನಿರ್ಮಾಪಕಿ: ಹಿಮ್ಮಾವಿನ ಫಿಲಂ ಸಿಟಿ ಆಕೆಯ ಕೈ ಹಿಡಿಯುತ್ತದೆಯೇ?

ನಂಜನಗೂಡು ತಾಲೂಕಿನ ಹಿಮ್ಮಾವಿನಲ್ಲಿ ಫಿಲಂ ಸಿಟಿ ಬರುತ್ತದಂತೆ ಎಂಬ ಮಾತು ಮೈಸೂರಿನವರಿಗೆ ಹಳೆಯದು. ಹೊಸದೆಂದರೆ ಅದಕ್ಕೆ ಸಿಕ್ಕಿರುವ ಅಂಕಿ: 2025-26ರ ರಾಜ್ಯ ಬಜೆಟ್ಟಿನಲ್ಲಿ 150 ಎಕರೆ ಜಾಗ, ಸರ್ಕಾರಿ-ಖಾಸಗಿ ಸಹಭಾಗಿತ್ವ, 500 ಕೋಟಿ ರೂಪಾಯಿ. ಟಿಕೆಟ್ ದರಕ್ಕೆ 200 ರೂಪಾಯಿ ಮಿತಿ, ಕನ್ನಡ ಚಿತ್ರಗಳಿಗೆ ಸರ್ಕಾರದ್ದೇ ಒಟಿಟಿ, ಚಿತ್ರರಂಗಕ್ಕೆ ಉದ್ಯಮದ ಸ್ಥಾನಮಾನ ಎಂಬ ಘೋಷಣೆಗಳೂ ಅದೇ ಬಜೆಟ್ಟಿನವು. ಟಿಕೆಟ್ ಮಿತಿ ಕೋರ್ಟಿನ ಮೆಟ್ಟಿಲೇರಿ ಅಲ್ಲೇ ಕೂತಿದೆ.

ಇಷ್ಟೆಲ್ಲ ಓದಿದವರಿಗೆ ಸಹಜವಾಗಿ ಒಂದು ಗೊಂದಲ. ಸರ್ಕಾರ ಇಷ್ಟು ಮಾಡುತ್ತಿದೆ ಅಂದಮೇಲೆ, ನಮ್ಮ ಕಡೆಯ ಒಬ್ಬ ನಟಿ ತಾನೇ ಕಥೆ ಬರೆದು, ತಾನೇ ನಿರ್ದೇಶಿಸಿ, ಸಾಲ ಮಾಡಿ ತಾನೇ ನಿರ್ಮಿಸಿ, ಕೊನೆಗೆ ಒಂದು ಶೋಗಾಗಿ ಥಿಯೇಟರಿನವರ ಹಿಂದೆ ಅಲೆಯಬೇಕಾದ್ದು ಯಾಕೆ? ಉತ್ತರ ಇಷ್ಟೇ: ಸರ್ಕಾರದ ದುಡ್ಡು ಹೋಗುತ್ತಿರುವುದು ಸಿನಿಮಾ ತಯಾರಾಗುವ ಜಾಗಕ್ಕೆ. ಆಕೆ ಸೋಲುವುದು ಸಿನಿಮಾ ತಯಾರಾದ ಮೇಲೆ. ನಡುವಿನ ಈ ಅಂತರವನ್ನು ಬಿಡಿಸಿ ನೋಡಬೇಕು.

ಹಿಂದೆ ಹಣ ಹಾಕಿದವರು ಯಾರು?

ನಟಿಯೊಬ್ಬಳು ನಿರ್ಮಾಣಕ್ಕೆ ಕೈ ಹಾಕುವುದು ಹೊಸ ವಿಷಯವೇನೂ ಅಲ್ಲ. 1926ರಲ್ಲೇ ಮುಂಬೈಯಲ್ಲಿ ಫಾತ್ಮಾ ಬೇಗಂ ನಟನೆ, ನಿರ್ದೇಶನ, ಸ್ವಂತ ಕಂಪನಿ ಮೂರನ್ನೂ ನಡೆಸಿದ್ದರು. ತಮಿಳಿನಲ್ಲಿ ಟಿ.ಪಿ. ರಾಜಲಕ್ಷ್ಮಿ 1936ರಲ್ಲಿ, ಭಾನುಮತಿ 1953ರಲ್ಲಿ ಅದನ್ನೇ ಮಾಡಿ ತೋರಿಸಿದರು. ಕನ್ನಡದ ಮೊದಲ ನಿರ್ಮಾಪಕಿ ಎನಿಸಿಕೊಂಡ ಎಂ.ವಿ. ರಾಜಮ್ಮ ಅವರ ‘ರಾಧಾರಮಣ’ ತೆರೆಗೆ ಬಂದದ್ದು 1943ರಲ್ಲಿ.

ಅಲ್ಲಿಂದ ಈಚೆಗೆ ಬಂದರೆ ಒಂದು ಮಾದರಿ ಕಾಣುತ್ತದೆ. ಜಯಮಾಲಾ ‘ತಾಯಿ ಸಾಹೇಬ’ ನಿರ್ಮಿಸಿದರು, ಸೌಂದರ್ಯ ‘ದ್ವೀಪ’ ನಿರ್ಮಿಸಿದರು. ಎರಡರಲ್ಲೂ ನಿರ್ಮಾಪಕಿಯೇ ನಾಯಕಿ, ಎರಡಕ್ಕೂ ನಿರ್ದೇಶಕರು ಗಿರೀಶ ಕಾಸರವಳ್ಳಿ, ಎರಡಕ್ಕೂ ಅತ್ಯುತ್ತಮ ಚಿತ್ರದ ರಾಷ್ಟ್ರಪ್ರಶಸ್ತಿ. ಮಂಡ್ಯದ ಸಂಸದೆಯಾಗಿದ್ದ ರಮ್ಯಾ 2022ರಲ್ಲಿ ನಿರ್ಮಾಣ ಸಂಸ್ಥೆ ತೆರೆದು ಮರುವರ್ಷ ಚಿತ್ರ ಬಿಡುಗಡೆ ಮಾಡಿದಾಗಲೂ ನಿರ್ದೇಶನ ರಾಜ್ ಬಿ. ಶೆಟ್ಟಿ ಅವರದು. ಅಂದರೆ ದುಡ್ಡು ನಟಿಯದು, ನಿರ್ದೇಶನ ಪಳಗಿದ ಗಂಡಸಿನದು. ಇದರಲ್ಲಿ ತಪ್ಪೇನಿಲ್ಲ. ಸ್ಟಾರ್ ಆಗಿ ಗಳಿಸಿದ ಹಣ ಮತ್ತು ಹೆಸರು ಎರಡೂ ಕೈಯಲ್ಲಿದ್ದಾಗ ಹಾಗೆ ಮಾಡಬಹುದು.

ಇನ್ನೊಂದು ಕಡೆ ಪ್ರೇಮಾ ಕಾರಂತ, ಕವಿತಾ ಲಂಕೇಶ್, ನಮ್ಮ ಪಿರಿಯಾಪಟ್ಟಣ ತಾಲೂಕಿನ ಕಿತ್ತೂರಿನವರಾದ ಸುಮನಾ ಕಿತ್ತೂರು ಅವರಂಥ ನಿರ್ದೇಶಕಿಯರು. ಇವರು ನಾಯಕಿಯಾಗಿ ಬಂದವರಲ್ಲ. 2023ರಲ್ಲಿ ಸಿಂಧು ಶ್ರೀನಿವಾಸಮೂರ್ತಿ ತಾವೇ ನಿರ್ದೇಶಿಸಿದ ಚಿತ್ರದಲ್ಲಿ ಮುಖ್ಯ ಪಾತ್ರವನ್ನೂ ಮಾಡಿದರು. ಆದರೆ ಅದರ ಬೆನ್ನಿಗೆ ಅಶ್ವಿನಿ ಪುನೀತ್ ರಾಜ್‌ಕುಮಾರ್ ಅವರ ಬ್ಯಾನರ್ ಇತ್ತು. ಹೀಗೆ ನಟನೆ, ನಿರ್ದೇಶನ, ನಿರ್ಮಾಣ ಎಂಬ ಮೂರು ಕುರ್ಚಿಗಳಲ್ಲಿ ಎರಡರಲ್ಲಿ ಕೂತವರು ಹಲವರಿದ್ದಾರೆ. ಸ್ಟಾರ್ ಗಳಿಕೆಯೂ ಇಲ್ಲದೆ, ದೊಡ್ಡ ಬ್ಯಾನರೂ ಇಲ್ಲದೆ ಮೂರರಲ್ಲೂ ಕೂರುವ ನಟಿ ಈ ಕಾಲದವಳು. ಡಿಜಿಟಲ್ ಕ್ಯಾಮೆರಾ ಬಂದು ಫಿಲಂ ರೋಲಿನ ಖರ್ಚು ಇಲ್ಲವಾದ ಮೇಲಷ್ಟೇ ಅದು ಸಾಧ್ಯವಾಯಿತು.

ಮೂರೂ ಕೆಲಸ ಯಾಕೆ ಮೈಮೇಲೆ ಎಳೆದುಕೊಳ್ಳುತ್ತಾಳೆ?

ಹೊಗಳುವವರು ಇದನ್ನು ಛಲ ಎನ್ನುತ್ತಾರೆ, ಆಡಿಕೊಳ್ಳುವವರು ಪ್ರಚಾರದ ಹುಚ್ಚು ಎನ್ನುತ್ತಾರೆ. ಎರಡೂ ಅರ್ಧ ಸತ್ಯ. ಕಾರಣ ಬಹುಪಾಲು ಲೆಕ್ಕಾಚಾರದ್ದು.

ಮೈಸೂರು-ಮಂಡ್ಯದಲ್ಲಿ ನಟನೆ ಕಲಿಯಲು ಜಾಗಕ್ಕೆ ಕೊರತೆಯಿಲ್ಲ. 1989ರಲ್ಲಿ ಶುರುವಾದ ರಂಗಾಯಣವಿದೆ, ಮಂಡ್ಯ ರಮೇಶ್ ಅವರ ‘ನಟನ’ ರಂಗಶಾಲೆ ಇದೆ, ಕಾಲೇಜು ರಂಗತಂಡಗಳಿವೆ. ಅಲ್ಲಿಂದ ಧಾರಾವಾಹಿ, ಧಾರಾವಾಹಿಯಿಂದ ಅತ್ತಿಗೆ-ನಾದಿನಿ ಪಾತ್ರಗಳು, ಅದೃಷ್ಟವಿದ್ದರೆ ಸಣ್ಣ ಬಜೆಟ್ಟಿನ ಚಿತ್ರವೊಂದರ ಮುಖ್ಯ ಪಾತ್ರ. ಪಾಂಡವಪುರದ ಹೆಸರನ್ನು ಜೊತೆಯಲ್ಲೇ ಇಟ್ಟುಕೊಂಡಿರುವ ಅಕ್ಷತಾ ಅವರಂಥ ಕಲಾವಿದೆಯರು ರಂಗಭೂಮಿಯಿಂದಲೇ ಇಂಥ ಚಿತ್ರಗಳಿಗೆ ಬಂದವರು. ತೊಂದರೆ ಮುಂದಿನ ಮೆಟ್ಟಿಲಿನದು. ಮೂವತ್ತು ದಾಟಿದ ನಟಿಗೆ ಬರೆದ ಪಾತ್ರಗಳು ಕಡಿಮೆ. ಪೇಮೆಂಟು ದಿನದ ಲೆಕ್ಕದ್ದು; ಕಾಲ್‌ಶೀಟ್ (ಶೂಟಿಂಗಿಗೆ ಗೊತ್ತುಮಾಡಿದ ದಿನ) ಇಲ್ಲದ ತಿಂಗಳು ವರಮಾನವೂ ಇಲ್ಲ. ಒಳ್ಳೆ ಪಾತ್ರ ಬೇಕೆಂದರೆ ತಾನೇ ಬರೆಯಬೇಕು. ಬರೆದದ್ದನ್ನು ಬೇರೆಯವರ ಕೈಗೆ ಕೊಟ್ಟರೆ, ಎಡಿಟಿಂಗ್ ಮುಗಿಯುವಷ್ಟರಲ್ಲಿ ನಾಯಕಿಯ ಕಥೆ ಹೋಗಿ ನಾಯಕನ ಕಥೆ ಆಗಿರುತ್ತದೆ. ಹಾಗಾಗಿ ನಿರ್ದೇಶನ. ಮೊದಲ ಚಿತ್ರದ ನಿರ್ದೇಶಕಿಯನ್ನು ನಂಬಿ ಹಣ ಹಾಕುವವರು ಸಿಗುವುದಿಲ್ಲ. ಹಾಗಾಗಿ ನಿರ್ಮಾಣ.

ಇದರ ಹಿಂದೆ ಕಾನೂನಿನ ಕಾರಣವೂ ಒಂದಿದೆ, ಅದನ್ನು ಯಾರೂ ಅಷ್ಟಾಗಿ ಗಮನಿಸುವುದಿಲ್ಲ. 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಸಿನಿಮಾದ ಕರ್ತೃ ಎಂದರೆ ನಿರ್ಮಾಪಕ. ನಿರ್ದೇಶಕನೂ ಅಲ್ಲ, ನಟಿಯಂತೂ ಅಲ್ಲ. ಬಿಡುಗಡೆಯ ನಂತರ 60 ವರ್ಷ ಆ ಹಕ್ಕು ನಿರ್ಮಾಪಕರದು. ಟಿವಿಗೆ, ಒಟಿಟಿಗೆ, ಡಬ್ಬಿಂಗಿಗೆ, ರೀಮೇಕಿಗೆ ಮಾರಿದಾಗ ಸಹಿ ಹಾಕುವವರು ಅವರೇ. ಜೀವಮಾನದ ಒಳ್ಳೆ ಪಾತ್ರವನ್ನು ಒಬ್ಬ ನಟಿ ಮಾಡಿದ್ದರೂ ಆ ಚಿತ್ರ ಯಾವುದೋ ಹಾರ್ಡ್‌ಡಿಸ್ಕಿನಲ್ಲಿ ಕೊಳೆಯುತ್ತಿದ್ದರೆ ಕೇಳುವ ಅಧಿಕಾರ ಆಕೆಗಿಲ್ಲ. ನಿರ್ಮಾಪಕಿಯಾದರೆ ಇದೆ. ಮೂರು ಕುರ್ಚಿಗಳಲ್ಲಿ ಆಸ್ತಿಯಾಗಿ ಉಳಿಯುವುದು ನಿರ್ಮಾಪಕಿಯ ಕುರ್ಚಿ ಒಂದೇ, ಸಾಲ ಬರುವುದೂ ಅದಕ್ಕೇ.

ಸೆಟ್ಟಿನಲ್ಲಿ ಒಂದು ದಿನ

ಶ್ರೀರಂಗಪಟ್ಟಣದ ಹಳೇ ಬೀದಿಯೊಂದರಲ್ಲಿ ಸಣ್ಣ ಯೂನಿಟ್ ಶೂಟಿಂಗ್ ಇಟ್ಟುಕೊಂಡಿದೆ ಎನ್ನಿ. ಕ್ಯಾಮೆರಾ, ಲೈಟು, ಜನರೇಟರ್ ಎಲ್ಲ ಬೆಂಗಳೂರಿಂದ ಬರಬೇಕು. ಗಾಡಿ ಅಲ್ಲಿಂದ ಹೊರಟ ಕ್ಷಣದಿಂದ ಬಾಡಿಗೆ, ಹುಡುಗರ ಬಾಟಾ (ದಿನದ ಭತ್ಯೆ) ಶುರು. ಮೂವತ್ತು ಜನಕ್ಕೆ ತಿಂಡಿ, ಊಟ, ರೂಮು. ಸಂಜೆ ಬೆಳಕು ಇಳಿಯುತ್ತಿದೆ, ಅಳುವ ದೃಶ್ಯ ಇನ್ನೂ ಬಾಕಿ. ಹೊತ್ತು ಮೀರಿದರೆ ಒಂದೂವರೆ ಕಾಲ್‌ಶೀಟ್ ಲೆಕ್ಕ. ಮ್ಯಾನೇಜರ್ ಬಂದು ‘ಮೇಡಂ, ಮುಂದುವರಿಸೋದಾ, ಪ್ಯಾಕಪ್ಪಾ?’ ಎಂದು ಕೇಳುವುದು ನಿರ್ಮಾಪಕಿಯನ್ನು. ‘ಇನ್ನೊಂದು ಟೇಕ್ ಬೇಕು’ ಅನ್ನಿಸುವುದು ನಿರ್ದೇಶಕಿಗೆ. ಕಣ್ಣಲ್ಲಿ ನೀರು ತರಬೇಕಾದವಳು ನಟಿ. ಮೂವರೂ ಒಬ್ಬಳೇ. ದೊಡ್ಡ ಚಿತ್ರಗಳಲ್ಲಿ ಈ ಮೂವರ ನಡುವಿನ ಜಗಳವೇ ಸಿನಿಮಾವನ್ನು ಒಂದು ಹದಕ್ಕೆ ತರುತ್ತದೆ. ಇಲ್ಲಿ ಜಗಳವಾಡಲು ಎದುರಿಗೆ ಯಾರೂ ಇರುವುದಿಲ್ಲ. ಸ್ವತಂತ್ರ ಚಿತ್ರಗಳು ಕೆಲವೊಮ್ಮೆ ಉದ್ದವಾಗಿ, ಸಡಿಲವಾಗಿ ಕಾಣುವುದಕ್ಕೆ ಇದೂ ಒಂದು ಕಾರಣ ಎಂದು ಒಪ್ಪಿಕೊಳ್ಳಬೇಕು.

ಜವಾಬ್ದಾರಿ ಇಷ್ಟಕ್ಕೇ ನಿಲ್ಲುವುದಿಲ್ಲ. ಹತ್ತು ಮತ್ತು ಹೆಚ್ಚು ಜನ ಕೆಲಸ ಮಾಡುವ ಕಡೆ ಲೈಂಗಿಕ ಕಿರುಕುಳದ ದೂರು ಕೇಳಲು ಆಂತರಿಕ ಸಮಿತಿ ಇರಲೇಬೇಕು ಎನ್ನುತ್ತದೆ 2013ರ ಕಾಯ್ದೆ. ಚಿತ್ರರಂಗದಲ್ಲಿ ಹೆಣ್ಣುಮಕ್ಕಳ ಪರಿಸ್ಥಿತಿಯನ್ನು ವಿಚಾರಿಸಿದ ಕೇರಳದ ಹೇಮಾ ಸಮಿತಿಯ ವರದಿ 2024ರ ಆಗಸ್ಟಿನಲ್ಲಿ ಹೊರಬಂದ ಮೇಲೆ ಕನ್ನಡದಲ್ಲೂ ಅಂಥದ್ದೇ ವಿಚಾರಣೆಗೆ ಒತ್ತಾಯ ಎದ್ದಿತು. ಹೆಣ್ಣೇ ನಿರ್ಮಾಪಕಿ ಆಗಿದ್ದಲ್ಲಿ ವಾತಾವರಣ ಹಗುರಾಗಿರುತ್ತದೆ ಎಂಬ ನಿರೀಕ್ಷೆ ಸರಿಯೇ. ಆದರೆ ಸಮಿತಿ ಮಾಡುವ ಹೊಣೆಯೂ ಮೂವತ್ತು ಜನರ ಯೂನಿಟ್ ಇಟ್ಟುಕೊಂಡ ಅವಳದೇ.

ಫಿಲಂ ಸಿಟಿ ಏನು ಕೊಡುತ್ತದೆ?

ಒಳಾಂಗಣ ಶೂಟಿಂಗಿನ ಫ್ಲೋರು, ಸೆಟ್ಟು ಹಾಕುವ ಬಯಲು, ಹೋಟೆಲು, ಜೊತೆಗೆ ಒಂದಿಷ್ಟು ಪ್ರವಾಸಿ ಆಕರ್ಷಣೆ. ಇವು ಬೇಕಾಗುವುದು ದೊಡ್ಡ ಬಜೆಟ್ಟಿನ ಚಿತ್ರಗಳಿಗೆ, ರಿಯಾಲಿಟಿ ಶೋಗಳಿಗೆ, ಧಾರಾವಾಹಿಗಳಿಗೆ. ನಿಜವಾದ ಮನೆ, ಗದ್ದೆ, ಕಬ್ಬಿನ ಗಾಡಿ, ಮೇಲುಕೋಟೆಯ ಕಲ್ಯಾಣಿ ಬಿಟ್ಟಿಯಾಗಿ ಸಿಗುವಾಗ ಸ್ವತಂತ್ರ ಚಿತ್ರದವರು ಸೆಟ್ಟಿಗೆ ಬಾಡಿಗೆ ಕೊಟ್ಟು ಯಾಕೆ ಹೋಗುತ್ತಾರೆ? ಕಲ್ಯಾಣಿ ಪೂರ್ತಿ ಬಿಟ್ಟಿ ಅಂತಲ್ಲ, ಅನುಮತಿಯ ಶುಲ್ಕ ಇದ್ದೇ ಇದೆ. ಆದರೂ ಸ್ಟುಡಿಯೋ ಬಾಡಿಗೆಯ ಮುಂದೆ ಅದು ಸಣ್ಣದು.

ಮೈಸೂರಿಗೆ ಸ್ಟುಡಿಯೋ ಹೊಸದೂ ಅಲ್ಲ. ಪ್ರೀಮಿಯರ್ ಸ್ಟುಡಿಯೋದಲ್ಲಿ ಎಷ್ಟೋ ಕನ್ನಡ ಚಿತ್ರಗಳ ಶೂಟಿಂಗ್ ನಡೆದಿತ್ತು. 1989ರ ಫೆಬ್ರವರಿಯಲ್ಲಿ ಟಿಪ್ಪು ಸುಲ್ತಾನ್ ಧಾರಾವಾಹಿಯ ಚಿತ್ರೀಕರಣದ ವೇಳೆ ಬೆಂಕಿ ಬಿದ್ದು 62 ಜನ ಸತ್ತ ದುರಂತದಿಂದಾಗಿ ಅದರ ಹೆಸರು ದೇಶಕ್ಕೆಲ್ಲ ಗೊತ್ತಾಯಿತು. ಆದರೆ ಸ್ಟುಡಿಯೋ ಚೆನ್ನಾಗಿ ನಡೆಯುತ್ತಿದ್ದ ಕಾಲದಲ್ಲೂ ಚಿತ್ರರಂಗದ ವ್ಯವಹಾರ ಮೈಸೂರಿಗೆ ಬರಲಿಲ್ಲ. ಮೊದಲು ಮದ್ರಾಸಿನಲ್ಲಿತ್ತು, ಆಮೇಲೆ ಬೆಂಗಳೂರಿನ ಗಾಂಧಿನಗರಕ್ಕೆ ಹೋಯಿತು. ಶೂಟಿಂಗ್ ನಡೆಯುವ ಊರು ಬೇರೆ, ಸಿನಿಮಾ ಮಾರಾಟವಾಗುವ ಊರು ಬೇರೆ.

ಫಿಲಂ ಸಿಟಿಯ ಜಾತಕವೂ ಗಟ್ಟಿಯಿಲ್ಲ. ಸಿದ್ದರಾಮಯ್ಯ ಸರ್ಕಾರ ಮೈಸೂರು ಎಂದಿತು, 2018ರಲ್ಲಿ ಕುಮಾರಸ್ವಾಮಿ ರಾಮನಗರ ಎಂದರು, ಯಡಿಯೂರಪ್ಪ ಅವರ ಕಾಲದಲ್ಲಿ ಕನಕಪುರ ರಸ್ತೆಯ ತಾತಗುಣಿಯ ರೋರಿಕ್ ಎಸ್ಟೇಟಿಗೆ ಹೋಯಿತು, ಈಗ ಮತ್ತೆ ಹಿಮ್ಮಾವು. ಅಂದಹಾಗೆ ಆ ಎಸ್ಟೇಟಿನ ಒಡತಿಯಾಗಿದ್ದ ದೇವಿಕಾ ರಾಣಿ ತಮ್ಮ ಕಾಲದ ದೊಡ್ಡ ನಟಿ. ಗಂಡ ಹಿಮಾಂಶು ರಾಯ್ 1940ರಲ್ಲಿ ತೀರಿಕೊಂಡ ಮೇಲೆ ಬಾಂಬೆ ಟಾಕೀಸ್ ಸ್ಟುಡಿಯೋವನ್ನು ತಾವೇ ನಡೆಸಿದವರು. ಸಿನಿಮಾ ಬಿಟ್ಟು ನೆಮ್ಮದಿಯಾಗಿರಲು ಬಂದ ಜಾಗವನ್ನೇ ಸಿನಿಮಾಕ್ಕೆ ಕೊಡಲು ಹೊರಟಿದ್ದು ತಮಾಷೆಯೇ ಸರಿ.

ಹಾಗಾದರೆ ಹಿಮ್ಮಾವಿನಿಂದ ಸಣ್ಣವರಿಗೆ ಏನೂ ಸಿಗುವುದಿಲ್ಲವೇ? ಸಿಗಬಹುದು. ಡಬ್ಬಿಂಗ್, ಸೌಂಡ್ ಮಿಕ್ಸಿಂಗ್, ಡಿಐ (ದೃಶ್ಯಗಳ ಬಣ್ಣ ತಿದ್ದುವ ಕೆಲಸ) ಮಾಡುವ ಸಣ್ಣ ಕೊಠಡಿಗಳು, ಕ್ಯಾಮೆರಾ-ಲೈಟಿನ ಬಾಡಿಗೆ ಅಂಗಡಿ ಮೈಸೂರಿನ ಪಕ್ಕದಲ್ಲೇ ಇದ್ದರೆ ಬೆಂಗಳೂರಿನ ಓಡಾಟ, ಬಾಟಾ ಎರಡೂ ಉಳಿಯುತ್ತವೆ. ಧಾರಾವಾಹಿಗಳು ಇಲ್ಲಿಗೆ ಬಂದರೆ ರಂಗಾಯಣದಿಂದ, ನಟನದಿಂದ ಬಂದವರಿಗೆ ಊರು ಬಿಡದೆ ಕೆಲಸ ಸಿಗುತ್ತದೆ. ಕೂಡಿಟ್ಟ ಆ ದುಡ್ಡೇ ನಾಳೆ ಚಿತ್ರಕ್ಕೆ ಬಂಡವಾಳ. ಲಾಭ ಇದೆ, ಆದರೆ ಬಳಸು ದಾರಿಯದು.

ಇನ್ನೂರು ರೂಪಾಯಿಯ ಗೊಂದಲ

ಸೆಪ್ಟೆಂಬರ್ 12, 2025ರಂದು ಸರ್ಕಾರ ನಿಯಮ ತಿದ್ದಿತು: ತೆರಿಗೆ ಬಿಟ್ಟು 200 ರೂಪಾಯಿಗಿಂತ ಹೆಚ್ಚು ತೆಗೆದುಕೊಳ್ಳುವಂತಿಲ್ಲ, 75 ಸೀಟಿನೊಳಗಿನ ಐಷಾರಾಮಿ ಪರದೆಗಳಿಗೆ ಮಾತ್ರ ವಿನಾಯಿತಿ. ಮಲ್ಟಿಪ್ಲೆಕ್ಸಿನವರು ಹೈಕೋರ್ಟಿಗೆ ಹೋದರು, ಸೆಪ್ಟೆಂಬರ್ 23ರಂದು ತಡೆಯಾಜ್ಞೆ ಬಂತು. ಸರ್ಕಾರ ಮೇಲ್ಮನವಿ ಹಾಕಿತು. ತಡೆಯೇನೋ ಇರಲಿ, ಮುಂದೆ ಸರ್ಕಾರ ಗೆದ್ದರೆ ಹೆಚ್ಚುವರಿ ಹಣ ಪ್ರೇಕ್ಷಕರಿಗೆ ವಾಪಸ್ ಕೊಡಲು ಪ್ರತಿ ಟಿಕೆಟ್ಟಿನ ಲೆಕ್ಕ ಇಡಿ ಎಂದಿತು ವಿಭಾಗೀಯ ಪೀಠ. ನವೆಂಬರ್ 3ರಂದು ಸುಪ್ರೀಂ ಕೋರ್ಟ್ ಆ ಷರತ್ತನ್ನೂ ತಡೆಹಿಡಿಯಿತು. 2017ರ ಬಜೆಟ್ಟಿನಲ್ಲೂ ಇದೇ ಮಿತಿಯ ಮಾತು ಬಂದು ಕೋರ್ಟಿನಲ್ಲೇ ನಿಂತಿತ್ತು ಎಂಬುದನ್ನು ನೆನೆದರೆ ಆಶ್ಚರ್ಯವೇನಿಲ್ಲ.

ಚಲನಚಿತ್ರ ವಾಣಿಜ್ಯ ಮಂಡಳಿ ಮತ್ತು ಸರ್ಕಾರದ ವಾದ: ದರ ಇಳಿದರೆ ಜನ ಬರುತ್ತಾರೆ, ಕನ್ನಡ ಚಿತ್ರಗಳು ಉಳಿಯುತ್ತವೆ. ಮಲ್ಟಿಪ್ಲೆಕ್ಸಿನವರ ವಾದ: ಖಾಸಗಿ ವ್ಯಾಪಾರದ ಬೆಲೆ ಕಟ್ಟುವ ಅಧಿಕಾರ ಸರ್ಕಾರಕ್ಕಿಲ್ಲ, ಬೇಡಿಕೆ ಇದ್ದಂತೆ ದರ. ಈ ಎರಡು ವಾದಗಳ ನಡುವೆ ಸಣ್ಣ ಚಿತ್ರದ ನಿರ್ಮಾಪಕಿಯ ಲೆಕ್ಕ ಯಾರೂ ಹಾಕಿದಂತಿಲ್ಲ.

ಆಕೆಯ ಚಿತ್ರದ ಟಿಕೆಟ್ ಬಹುತೇಕ ಕಡೆ 200ರ ಒಳಗೇ ಇರುತ್ತದೆ. ಮಿತಿ ತಗಲುವುದು ಸ್ಟಾರ್ ಚಿತ್ರಗಳಿಗೆ. ಆಗ ಎರಡು ಪರಿಣಾಮ ಸಾಧ್ಯ. ಸ್ಟಾರ್ ಚಿತ್ರಕ್ಕೆ ಐನೂರು ಕೊಡುತ್ತಿದ್ದವನ ಜೇಬಿನಲ್ಲಿ ಮುನ್ನೂರು ಉಳಿದು, ಅದರಲ್ಲಿ ಇನ್ನೊಂದು ಚಿತ್ರ ನೋಡಬಹುದು. ಅಥವಾ ದೊಡ್ಡ ಚಿತ್ರವೂ ಸಣ್ಣ ಚಿತ್ರವೂ ಒಂದೇ ದರಕ್ಕೆ ಸಿಕ್ಕಾಗ ದೊಡ್ಡದಕ್ಕೇ ಹೋಗಬಹುದು. ಎರಡನೆಯದೇ ಹೆಚ್ಚು ಸಂಭವ ಎಂದು ನನಗೆ ಅನ್ನಿಸುತ್ತದೆ. ಯಾಕೆಂದರೆ ಪ್ರತಿ ಸೀಟಿನ ಗಳಿಕೆ ಕಡಿಮೆಯಾದಾಗ ಥಿಯೇಟರಿನವರು ಸ್ಟಾರ್ ಚಿತ್ರಕ್ಕೆ ಇನ್ನಷ್ಟು ಶೋ ಕೊಟ್ಟು ಅದನ್ನು ಸರಿದೂಗಿಸಿಕೊಳ್ಳುತ್ತಾರೆ. ಆ ಹೆಚ್ಚುವರಿ ಶೋ ಬರುವುದು ಸಣ್ಣ ಚಿತ್ರದ ಪಾಲಿನಿಂದ.

ಮಂಡ್ಯದ ಒಂಟಿ ಪರದೆಗಳಿಗಂತೂ ಈ ಮಿತಿ ಲೆಕ್ಕಕ್ಕೇ ಇಲ್ಲ, ಅಲ್ಲಿ ದರ ಮೊದಲೇ ಕಡಿಮೆ. ಸದ್ದಿಲ್ಲದೆ ಬಂದ ಇನ್ನೊಂದು ಬದಲಾವಣೆ ಅಲ್ಲಿಗೆ ಹೆಚ್ಚು ಉಪಯೋಗದ್ದು: 2025ರ ಸೆಪ್ಟೆಂಬರ್ 22ರಿಂದ 100 ರೂಪಾಯಿವರೆಗಿನ ಟಿಕೆಟ್ಟಿನ ಮೇಲಿನ ಜಿಎಸ್‌ಟಿ ಶೇ 12ರಿಂದ ಶೇ 5ಕ್ಕೆ ಇಳಿಯಿತು.

ಶುಕ್ರವಾರ ಬೆಳಿಗ್ಗೆ ಹತ್ತೂಕಾಲು

ವಿತರಣೆಯ ಭಾಷೆಯಲ್ಲಿ ನಾವು ಎಂಎಂಸಿಎಚ್ ಏರಿಯಾ: ಮೈಸೂರು, ಮಂಡ್ಯ, ಕೊಡಗು (ಕೂರ್ಗ್), ಹಾಸನ. ಸ್ಟಾರ್ ಚಿತ್ರಕ್ಕೆ ಈ ಏರಿಯಾದ ಹಕ್ಕನ್ನು ಡಿಸ್ಟ್ರಿಬ್ಯೂಟರ್ ಮುಂಗಡ ಕೊಟ್ಟು ಕೊಳ್ಳುತ್ತಾನೆ. ಸಣ್ಣ ಚಿತ್ರವನ್ನು ಕೊಳ್ಳುವುದಿಲ್ಲ, ‘ಹಾಕಿಕೊಡ್ತೀನಿ’ ಎನ್ನುತ್ತಾನೆ. ಖರ್ಚು ನಿರ್ಮಾಪಕಿಯದು, ಆತನಿಗೆ ಕಮಿಷನ್.

ಒಂಟಿ ಪರದೆಯಲ್ಲಿ ಬಾಡಿಗೆ ಪದ್ಧತಿ ಇದ್ದರೆ ಜನ ಬರಲಿ ಬಿಡಲಿ ವಾರದ ಬಾಡಿಗೆ ಕಟ್ಟಬೇಕು. ಅಂಥ ಪರದೆಗಳೂ ಕಡಿಮೆಯಾಗಿವೆ. ಮೈಸೂರಿನ ಶಾಂತಲಾ, ಲಕ್ಷ್ಮಿ ಕೋವಿಡ್ ಕಾಲದಲ್ಲಿ ಮುಚ್ಚಿದವು. ಮಲ್ಟಿಪ್ಲೆಕ್ಸಿನಲ್ಲಿ ಪಾಲುದಾರಿಕೆ, ಸಾಮಾನ್ಯವಾಗಿ ಮೊದಲ ವಾರ ಅರ್ಧ, ಮುಂದೆ ಇಳಿಕೆ. ಉದಾಹರಣೆಗೆ ಶುಕ್ರವಾರ ಬೆಳಗಿನ ಶೋಗೆ ತೆರಿಗೆ ಕಳೆದು 150 ರೂಪಾಯಿಯಂತೆ 18 ಟಿಕೆಟ್ ಹೋದವು ಎನ್ನಿ. ಒಟ್ಟು 2,700. ನಿರ್ಮಾಪಕಿಯ ಪಾಲು 1,350. ಇದರಲ್ಲಿ ಡಿಜಿಟಲ್ ಪ್ರೊಜೆಕ್ಷನ್ ಕಂಪನಿಗೆ ಪರದೆಗಿಷ್ಟು ಎಂದು ಕೊಡಬೇಕು, ಪೋಸ್ಟರ್, ಸೋಷಿಯಲ್ ಮೀಡಿಯಾ ಪ್ರಚಾರ ಬೇರೆ.

ಬುಕಿಂಗ್ ಆ್ಯಪಿನ ಸೀಟ್ ನಕ್ಷೆಯಲ್ಲಿ ಆ 18 ಸೀಟು ಹಿಂದಿನ ಎರಡು ಸಾಲಿನಲ್ಲಿ ಚೆದುರಿಕೊಂಡಿರುತ್ತವೆ. ಮುಂದಿನದೆಲ್ಲ ಖಾಲಿ. ಅದನ್ನು ನೋಡಿದವನು ಶನಿವಾರಕ್ಕೆ ಬುಕ್ ಮಾಡುವ ಯೋಚನೆ ಬಿಡುತ್ತಾನೆ. ಮ್ಯಾನೇಜರ್ ಸೋಮವಾರ ಆ ಶೋ ತೆಗೆಯುತ್ತಾನೆ. ‘ಚೆನ್ನಾಗಿದೆಯಂತೆ ಕಣೋ’ ಎಂಬ ಮಾತು ಊರಲ್ಲಿ ಹರಡಲು ಒಂದು ವಾರವಾದರೂ ಬೇಕು. ಹರಡುವ ಹೊತ್ತಿಗೆ ಚಿತ್ರ ಥಿಯೇಟರಿನಲ್ಲಿ ಇರುವುದಿಲ್ಲ. ಕೆಲಸ ಬಿಟ್ಟು ಬರಲಾಗದವರಿಗೆ ಬೆಳಿಗ್ಗೆಯ ಶೋ ಕೊಟ್ಟು, ಜನ ಬರಲಿಲ್ಲ ಎನ್ನುವುದು ಯಾವ ನ್ಯಾಯ ಎಂದು ಕೇಳಿದರೆ ಥಿಯೇಟರಿನವರ ಬಳಿ ಉತ್ತರವಿದೆ: ಸಂಜೆಯ ಶೋ ಖಾಲಿ ಹೋದರೆ ಕರೆಂಟ್ ಬಿಲ್ ಯಾರು ಕಟ್ಟುತ್ತಾರೆ? ಇಬ್ಬರದೂ ಸರಿ. ಇಲ್ಲಿ ಸರ್ಕಾರದ ಯಾವ ಘೋಷಣೆಯೂ ಕೈ ಹಾಕುತ್ತಿಲ್ಲ.

ತಡವಾಗಿ ಬರುವ ಹಣ

ಸರ್ಕಾರದ ಸಹಾಯಧನ ಇದೆಯಲ್ಲ? ಇದೆ. ಆಯ್ಕೆಯಾದ ಸಾಮಾನ್ಯ ಕನ್ನಡ ಚಿತ್ರಕ್ಕೆ 10 ಲಕ್ಷ ರೂಪಾಯಿ. ಅದು ಬರುವುದು ಚಿತ್ರ ಮುಗಿದು, ಸೆನ್ಸಾರ್ ಆಗಿ, ಆಯ್ಕೆ ಸಮಿತಿ ನೋಡಿದ ಮೇಲೆ. ಸರ್ಕಾರದ ಸಮಿತಿಗಳ ವೇಗ ತಿಳಿಯಲು ಒಂದು ಉದಾಹರಣೆ ಸಾಕು: 2019ರ ರಾಜ್ಯ ಚಲನಚಿತ್ರ ಪ್ರಶಸ್ತಿ ಪ್ರಕಟವಾದದ್ದು 2025ರ ಜನವರಿಯಲ್ಲಿ. 2021ರದು ಪ್ರಕಟವಾದದ್ದು 2025ರ ಅಕ್ಟೋಬರಿನಲ್ಲಿ.

ನಮ್ಮ ಕಡೆಯ ಎರಡು ರೂಪಾಯಿ ಬಡ್ಡಿಯ ಲೆಕ್ಕ ಹಾಕಿ. 10 ಲಕ್ಷ ಸಾಲಕ್ಕೆ ತಿಂಗಳಿಗೆ 20 ಸಾವಿರ, ವರ್ಷಕ್ಕೆ 2 ಲಕ್ಷ 40 ಸಾವಿರ. ಸಹಾಯಧನ ಐದು ವರ್ಷ ತಡವಾದರೆ ಬಡ್ಡಿಯೇ 12 ಲಕ್ಷ. ಸಹಾಯಧನಕ್ಕಿಂತ ಬಡ್ಡಿ ದೊಡ್ಡದು! ದೊಡ್ಡ ಬ್ಯಾನರಿಗೆ ಈ ತಡ ಒಂದು ಕಿರಿಕಿರಿ ಅಷ್ಟೇ. ಒಡವೆ ಅಡವಿಟ್ಟು ಚಿತ್ರ ಮಾಡಿದವಳಿಗೆ ಎರಡನೆಯ ಚಿತ್ರವೇ ಇಲ್ಲ ಎಂದು ಅರ್ಥ. ಚಿತ್ರ ಮಾಡುತ್ತಿದ್ದಷ್ಟು ಕಾಲ ಬೇರೆಯವರಿಗೆ ಕಾಲ್‌ಶೀಟ್ ಕೊಡದೆ ಇದ್ದುದರಿಂದ ನಟನೆಯ ಅವಕಾಶಗಳೂ ಕೈತಪ್ಪಿರುತ್ತವೆ. ‘ಈಗ ಅವರು ಡೈರೆಕ್ಟರ್ ಕಣ್ರೀ, ಸೆಟ್ಟಲ್ಲಿ ಪ್ರಶ್ನೆ ಕೇಳ್ತಾರೆ’ ಎಂಬ ಮಾತು ಬೇರೆ.

ಕೇರಳ ಇನ್ನೊಂದು ದಾರಿ ಹಿಡಿದಿದೆ. ಅಲ್ಲಿನ ಚಲನಚಿತ್ರ ಅಭಿವೃದ್ಧಿ ನಿಗಮ ಆಯ್ದ ನಿರ್ದೇಶಕಿಯರ, ಪರಿಶಿಷ್ಟ ಜಾತಿ-ಪಂಗಡದ ನಿರ್ದೇಶಕರ ಚಿತ್ರಕ್ಕೆ ಒಂದೂವರೆ ಕೋಟಿ ರೂಪಾಯಿವರೆಗೆ ತಾನೇ ಹಾಕುತ್ತದೆ, ಅದೂ ಚಿತ್ರ ಶುರುವಾಗುವ ಮೊದಲು. 2025ರ ಆಗಸ್ಟಿನಲ್ಲಿ ಮಲಯಾಳದ ಹಿರಿಯ ನಿರ್ದೇಶಕ ಅಡೂರ್ ಗೋಪಾಲಕೃಷ್ಣನ್ ಇದನ್ನು ಟೀಕಿಸಿದರು: ಅನುಭವವಿಲ್ಲದವರಿಗೆ ಅಷ್ಟು ಹಣ ಯಾಕೆ, ತರಬೇತಿ ಕೊಡಿ, ಮೊತ್ತ 50 ಲಕ್ಷಕ್ಕೆ ಇಳಿಸಿ ಎಂದರು. ಹೆಣ್ಣುಮಕ್ಕಳು, ದಲಿತರು ಎಂದೊಡನೆ ತರಬೇತಿ ನೆನಪಾಗುವುದೇಕೆ ಎಂದು ದೊಡ್ಡ ಗಲಾಟೆಯಾಯಿತು. ಆ ಪ್ರಶ್ನೆ ಸರಿಯಾದದ್ದೇ. ಆದರೆ 50 ಲಕ್ಷವೋ ಒಂದೂವರೆ ಕೋಟಿಯೋ ಎಂಬ ಚರ್ಚೆಯ ಮಟ್ಟಕ್ಕಾದರೂ ಅವರು ಮುಟ್ಟಿದ್ದಾರೆ.

ಮುಂದೆ ಗಮನಿಸಬೇಕಾದ್ದು

ಟಿಕೆಟ್ ಮಿತಿಯ ಅಂತಿಮ ತೀರ್ಪು ಯಾವ ಕಡೆ ಹೋದರೂ ಸಣ್ಣ ಚಿತ್ರದ ಮಟ್ಟಿಗೆ ದೊಡ್ಡ ವ್ಯತ್ಯಾಸ ಆಗಲಾರದು. ಮಹಾರಾಷ್ಟ್ರ 2015ರಲ್ಲಿ ಮಾಡಿದಂತೆ ಒಳ್ಳೆಯ ಹೊತ್ತಿನ ಶೋಗಳನ್ನು ರಾಜ್ಯದ ಭಾಷೆಗೆ ಮೀಸಲಿಡಬೇಕು ಎಂಬ ಬೇಡಿಕೆ ಇಲ್ಲೂ ಇದೆ. ಅದರಲ್ಲೊಂದು ತೂತಿದೆ: ಕನ್ನಡಕ್ಕೆ ಎಂದಷ್ಟೇ ಬರೆದರೆ ಆ ಶೋ ಕನ್ನಡದ ಸ್ಟಾರ್ ಚಿತ್ರಕ್ಕೇ ಹೋಗುತ್ತದೆ. ಇಂತಿಷ್ಟು ಪರದೆಗಿಂತ ಕಡಿಮೆ ಕಡೆ ಬಿಡುಗಡೆಯಾಗುವ ಚಿತ್ರಕ್ಕೆ ವಾರಕ್ಕೆ ಇಷ್ಟು ಸಂಜೆ ಎಂದು ಬರೆದರೆ ಮಾತ್ರ ಅದು ನಮ್ಮ ನಿರ್ಮಾಪಕಿಗೆ ತಲುಪೀತು.

ಸರ್ಕಾರಿ ಒಟಿಟಿಯ ವಿಷಯದಲ್ಲಿ ನೋಡಬೇಕಾದ್ದು ಹಣ ಕೊಡುವ ರೀತಿಯನ್ನು. 2024ರಲ್ಲಿ ಶುರುವಾದ ಕೇರಳದ ಸರ್ಕಾರಿ ಒಟಿಟಿ ಸಿ-ಸ್ಪೇಸ್‌ನಲ್ಲಿ ಪ್ರೇಕ್ಷಕರು ತಾವು ನೋಡಿದ ಚಿತ್ರಕ್ಕೆ ಮಾತ್ರ ದುಡ್ಡು ಕೊಡುತ್ತಾರೆ. ಅದರಲ್ಲಿ ನಿರ್ಮಾಪಕರಿಗೆ ಪಾಲು. ಖಾಸಗಿ ಒಟಿಟಿಗಳು ಕನ್ನಡದ ಸಣ್ಣ ಚಿತ್ರಗಳನ್ನು ಮುಂಗಡ ಕೊಟ್ಟು ಕೊಳ್ಳುವುದನ್ನು ಬಹುಮಟ್ಟಿಗೆ ನಿಲ್ಲಿಸಿವೆ. ರಕ್ಷಿತ್ ಶೆಟ್ಟಿಯಂಥವರೇ 2024ರಲ್ಲಿ ತಮ್ಮ ವೆಬ್ ಸರಣಿಯನ್ನು ಸ್ವಂತ ವೆಬ್‌ಸೈಟಿನಲ್ಲಿ ಬಿಡಬೇಕಾಯಿತು. ಸರ್ಕಾರಿ ಒಟಿಟಿಯೂ ಮುಂಗಡ ಕೊಡದೆ ಪಾಲು ಮಾತ್ರ ಕೊಟ್ಟರೆ ಚಿತ್ರಕ್ಕೆ ಒಂದು ನೆಲೆ ಸಿಗುತ್ತದೆ, ಸಾಲ ತೀರುವುದಿಲ್ಲ.

ಹಿಮ್ಮಾವಿನ ಬಗ್ಗೆ ಕೇಳಬೇಕಾದ ಪ್ರಶ್ನೆ ಸರಳ. ಜಾಗ ಸರ್ಕಾರದ್ದು, ಕಟ್ಟಿ ನಡೆಸುವವರು ಖಾಸಗಿಯವರು. ಡಬ್ಬಿಂಗ್, ಮಿಕ್ಸಿಂಗ್ ಕೊಠಡಿಗಳಲ್ಲಿ ವರ್ಷಕ್ಕೆ ಇಷ್ಟು ದಿನ ಸಣ್ಣ ಬಜೆಟ್ಟಿನವರಿಗೆ ರಿಯಾಯಿತಿ ದರದಲ್ಲಿ ಕೊಡಬೇಕು, ಒಳಗಿನ ಪರದೆಯೊಂದರಲ್ಲಿ ಅವರ ಚಿತ್ರಗಳನ್ನು ಟಿಕೆಟ್ ಇಟ್ಟು ತೋರಿಸಬೇಕು ಎಂಬ ಷರತ್ತುಗಳನ್ನು ಟೆಂಡರ್ ಪತ್ರದಲ್ಲೇ ಸೇರಿಸಬಹುದು. ಗುತ್ತಿಗೆಗೆ ಸಹಿ ಬಿದ್ದ ಮೇಲೆ ಅಂಥ ಷರತ್ತು ಸೇರಿಸಲು ನಡೆಸುವವರು ಒಪ್ಪುವುದಿಲ್ಲ, ಒಪ್ಪಬೇಕಾದ ಕಾರಣವೂ ಅವರಿಗಿರುವುದಿಲ್ಲ.